ಅವನಿಂದ ಆಗಲಿಲ್ಲ ಎಂಬ ಸಾಲು

ನನ್ನ ಕಂದ ಶಪ್ಪಿರಾ,

ನೀನು ಹೋಗಿ ಐವತ್ತೊಂದು ವರ್ಷವಾಯಿತು. ನಿನಗೆ ಮಾತ್ರ ಇನ್ನೂ ಐದೇ. ನಾನೀಗ ಹಲ್ಲು ಬಿದ್ದ ಮುದುಕಿ, ಗಲಿಲಾಯದ ನಮ್ಮ ಬೆಟ್ಟದ ಊರು ಬಿಟ್ಟು ಅಂತಿಯೋಕ್ಯದ ನದಿ ದಂಡೆಗೆ ಬಂದು ಬಿದ್ದವಳು. ಮಧ್ಯಾಹ್ನ ರೊಟ್ಟಿ ತಿಂದು ಗೋಡೆಗೆ ಒರಗಿದರೆ ಸಾಕು, ಕಣ್ಣು ಮುಚ್ಚುತ್ತದೆ, ನೀನು ಬರುತ್ತೀ. ಕನಸಿನಲ್ಲಿ ನೀನು ಬೆಳೆಯುವುದಿಲ್ಲ. ಬೆಳೆಯುವವನು ಅವನು, ಮರಿಯಕ್ಕನ ಮಗ ಯೇಸು. ಮೊದಮೊದಲು ಅವನು ನಮ್ಮ ಹೊಸ್ತಿಲ ಮೇಲೆ ಕೂತು ಅಂಗೈಯ ಸಿಬಿರು ಕೀಳುತ್ತಿದ್ದ. ಕೆಲವು ವರ್ಷ ಕಳೆದ ಮೇಲೆ ತುಂಬಿದ ನದಿಯ ನಡುವೆ ನಿಂತಿರುತ್ತಿದ್ದ, ನೀರು ಅವನ ಮೊಣಕಾಲಿಗೂ ಬರುತ್ತಿರಲಿಲ್ಲ. ಈಗೀಗ ಮುಖವೇ ಕಾಣುವುದಿಲ್ಲ. ಬರೀ ಬೆಳಕು, ಆ ಬೆಳಕಿನ ಅಂಚಿನಲ್ಲಿ ಕಾಲು ಆಡಿಸುತ್ತ ಕೂತ ನೀನು. ಎಚ್ಚರವಾದ ಮೇಲೂ ಸ್ವಲ್ಪ ಹೊತ್ತು ನಾನು ಯಾವ ಊರಿನಲ್ಲಿದ್ದೇನೆ ಎಂದು ತಿಳಿಯುವುದಿಲ್ಲ.

ನಿನ್ನಮ್ಮನಿಗೆ ಅಕ್ಷರ ಯಾವಾಗ ಬಂತು ಎಂದು ಕೇಳುತ್ತೀಯೇನೋ. ಈ ಮುಪ್ಪಿನಲ್ಲಿ ಬಂತು. ಯೇಸುವನ್ನು ನಂಬಿದ ನಮ್ಮ ಸಭೆಗೆ ಅವನ ಕತೆಯ ಸುರುಳಿ ಬರೆದುಕೊಡುವ ಟ್ರೊಫಿಮ ಎಂಬ ಗ್ರೀಕ ಹುಡುಗನ ಮನೆಯಲ್ಲಿ ನನಗೆ ಮಸಿ ಅರೆಯುವ ಕೆಲಸ. ಹುಡುಗ ಎಂದರೆ ನಲವತ್ತು ದಾಟಿದವನು, ಮೂಗಿಗೆ ಮಸಿ ಮೆತ್ತಿಕೊಳ್ಳದೆ ಒಂದು ಸಾಲು ಬರೆಯಲಾರ. ದೀಪದ ಕಾಡಿಗೆ, ಅಂಟು, ನೀರು ಸೇರಿಸಿ ನಾನು ಅರೆಯುತ್ತೇನೆ. ತಪ್ಪಾದರೆ ಹಸಿ ಸ್ಪಂಜಿನಿಂದ ಒರೆಸಿದರಾಯಿತು, ಬರೆದದ್ದು ನೀರಾಗಿ ಹೋಗುತ್ತದೆ. ಅವನು ಓದಿಕೊಂಡು ಬರೆಯುವುದನ್ನು ಕೇಳುತ್ತ ಕೇಳುತ್ತ ನಾನೂ ಅಕ್ಷರ ಹಿಡಿದೆ. ಅವನು ಎಸೆದ ಹಾಳೆಯ ಬೆನ್ನಿನ ಮೇಲೆ ಇದನ್ನು ಬರೆಯುತ್ತಿದ್ದೇನೆ.

ಆ ದಿನದ ನೆನಪು ನಿನಗಿರಲಾರದು, ಜ್ವರದಲ್ಲಿ ನಿನಗೆ ಮೈಮೇಲೆ ಎಚ್ಚರವಿರಲಿಲ್ಲ. ಹೋದ ಹೋದಲ್ಲಿ ರೋಗಿಗಳನ್ನು ಎಬ್ಬಿಸುತ್ತಾನೆ ಎಂಬ ಸುದ್ದಿ ಮುಂದೆ ಬಂದು, ಹಿಂದೆ ಯೇಸು ನಮ್ಮ ಊರಿಗೆ ಮರಳಿ ಬಂದ. ಊರಿನವರು ಮೂಗು ಮುರಿದರು. "ನಮ್ಮ ಬಾಗಿಲಿಗೆ ಚಿಲಕ ಕೂರಿಸ್ತಿದ್ದ ಬಡಗಿ ಈಗ ನಮಗೇ ಬುದ್ಧಿ ಹೇಳೋಕೆ ಬಂದ್ನಾ?" ಎಂದರು. ನಾನು ನಗಲಿಲ್ಲ, ಕಂದಾ. ಅವನು ನಿನಗೆ ಮಾಡಿಕೊಟ್ಟ ಪುಟ್ಟ ಮಣೆಯ ಒಂದು ಕಾಲು ಗಿಡ್ಡವಾಗಿತ್ತು, ಅದು ನನಗೆ ಗೊತ್ತಿತ್ತು, ಆದರೂ ನಂಬಿದೆ. ಓಡಿಹೋಗಿ ಅವನ ತೋಳು ಹಿಡಿದು ಮನೆಗೆ ಎಳೆದುಕೊಂಡು ಬಂದೆ. ಅವನು ನಿನ್ನ ಹಣೆಯ ಮೇಲೆ ಕೈಯಿಟ್ಟ. ಕೈ ತೆಗೆದ, ಮತ್ತೆ ಇಟ್ಟ. ಬಹಳ ಹೊತ್ತು ಹಾಗೇ ಇದ್ದ. ಕೊನೆಗೆ ಹೊರಗೆ ಹೋಗಿ ಹೊಸ್ತಿಲಲ್ಲಿ ಕುಸಿದು, "ಆಗ್ತಿಲ್ಲ ಬೆರೂರಿಯಾ, ನನ್ನ ಕೈಲಿ ಆಗ್ತಿಲ್ಲ" ಎಂದು ಚಿಕ್ಕ ಮಗುವಿನ ಹಾಗೆ ಅತ್ತ. ನಾನೇ ಅವನಿಗೆ ನೀರು ಕೊಟ್ಟೆ. ಬೆಳಗಾಗುವ ಮೊದಲು ನೀನು ಹೋದೆ. ನನಗೆ ಅವನ ಮೇಲೆ ಸಿಟ್ಟು ಬರಲೇ ಇಲ್ಲ. ನನ್ನ ಮಗುವಿಗಾಗಿ ನನ್ನ ಗಂಡನಿಗಿಂತ ಹೆಚ್ಚು ಅತ್ತವನು ಅವನು.

ನಮ್ಮ ಹಳೆಯ ಸುರುಳಿಯಲ್ಲಿ ಒಂದು ಸಾಲಿದೆ. ತನ್ನ ಸ್ವಂತ ಊರಿನಲ್ಲಿ ಯೇಸು ಒಬ್ಬಿಬ್ಬರನ್ನು ಮುಟ್ಟಿ ವಾಸಿಮಾಡಿದ, ಅದಕ್ಕಿಂತ ಹೆಚ್ಚಿನದು ಅವನಿಂದ ಆಗಲಿಲ್ಲ ಎಂದು. ಅಷ್ಟೇ. ನಿನ್ನ ಹೆಸರಿಲ್ಲ, ನನ್ನದೂ ಇಲ್ಲ. ಆದರೆ ಆ 'ಆಗಲಿಲ್ಲ' ಎಂಬಲ್ಲಿ ನೀನಿದ್ದೀಯ. ರೋಮಿನ ದಂಡು ಬಂದು ಹೋದ ಮೇಲೆ ನಮ್ಮ ಊರೂ ಇಲ್ಲ, ನಿನ್ನನ್ನು ಮಲಗಿಸಿದ ಜಾಗವೂ ಗುರುತಿಲ್ಲ. ವಾರದ ಮೊದಲ ದಿನ ನಸುಕಿನಲ್ಲಿ ಸಭೆ ಸೇರಿ ಓದುವಾಗ ಆ ಸಾಲು ಬರುವುದನ್ನೇ ನಾನು ಕಾಯುತ್ತಿದ್ದೆ. ಬಂದಾಗ ಕಣ್ಣು ಮುಚ್ಚಿ ನಿನ್ನ ಹಣೆ ಮುಟ್ಟುತ್ತಿದ್ದೆ.

ಈಗ ಆ ಸುರುಳಿ ಅಂಚು ಹರಿದು ಪುಡಿಯಾಗುತ್ತಿದೆ. ಟ್ರೊಫಿಮ ಹೊಸದು ಬರೆಯುತ್ತಿದ್ದಾನೆ, ಬರೀ ನಕಲಲ್ಲ, ಕೇಳಿದ್ದನ್ನೆಲ್ಲ ಸೇರಿಸಿ ದೊಡ್ಡದು. ಹಳೆಯದರಲ್ಲಿ ಯೇಸು ರೇಗುತ್ತಾನೆ, ದಣಿಯುತ್ತಾನೆ, ನನ್ನನ್ನು ಮುಟ್ಟಿದ್ದು ಯಾರು ಎಂದು ತಿರುಗಿ ಕೇಳುತ್ತಾನೆ. ಹೊಸದರಲ್ಲಿ ಅವೆಲ್ಲ ಮೆತ್ತಗೆ ಸರಿದು ಹೋಗುತ್ತಿವೆ. ಕಡಲಾಚೆ ಒಬ್ಬರು, ಲೋಕ ಹುಟ್ಟುವ ಮೊದಲೇ ಅವನು ದೇವರ ಜೊತೆಯಲ್ಲಿದ್ದ ಎಂದು ಹೇಳುತ್ತಿದ್ದಾರಂತೆ. ನಾವು ನಸುಕಿನಲ್ಲಿ ಹಾಡುವುದೂ ಅದನ್ನೇ. ನಾನೂ ಹಾಡುತ್ತೇನೆ, ಮನಸಾರೆ ಹಾಡುತ್ತೇನೆ. ಆದರೆ ಮೊನ್ನೆ ಟ್ರೊಫಿಮ ನಮ್ಮ ಸಾಲಿಗೆ ಬಂದು ಲೇಖನಿ ಕೆಳಗಿಟ್ಟ.

"ಅಜ್ಜಿ, ಗಾಳಿಗೇ ಸುಮ್ನಿರು ಅಂದೋನಿಗೆ ಒಂದೂರಲ್ಲಿ ಜ್ವರ ಇಳಿಸೋಕೆ ಆಗ್ಲಿಲ್ಲ ಅಂತ ಓದಿದ್ರೆ ಜನ ಏನಂತಾರೆ?" ಎಂದ.

"ಏನಂತಾರೆ? ಮನುಷ್ಯ ಅಂತಾರೆ" ಎಂದೆ.

"ಅದಕ್ಕೇ 'ಮಾಡಲಿಲ್ಲ' ಅಂತ ಬರೀತೀನಿ. ಆಗದೆ ಅಲ್ಲ, ಬೇಡ ಅಂತ ಬಿಟ್ಟ."

ನನ್ನ ಕೈಯಲ್ಲಿದ್ದ ಅರೆಯುವ ಕಲ್ಲು ನಿಂತಿತು. "ಬೇಡ ಅಂತ ಬಿಟ್ನಾ? ನನ್ನ ಮಗೂನ? ಲೋ, ನಾನಲ್ಲಿದ್ದೆ! ಅವನು ಅಳ್ತಿದ್ದ ಕಣೋ!"

ಅವನು ಸಿಟ್ಟಾಗಲಿಲ್ಲ. ಮಸಿಯ ಮೂಗು ಒರೆಸಿಕೊಂಡು ಕೇಳಿದ, "ಹೋದ ಬೇಸಿಗೇಲಿ ನುಂಫಾಗೆ ನೀನು ಏನಂದಿದ್ದೆ?"

ನುಂಫಾ ನಮ್ಮ ಓಣಿಯಲ್ಲಿ ಬಟ್ಟೆಗೆ ಬಣ್ಣ ಹಾಕುವವಳು, ಮೊಣಕೈವರೆಗೂ ಅವಳ ಕೈ ನೇರಳೆ. ಅವಳ ಮಗಳಿಗೂ ನಿನ್ನ ಹಾಗೇ ಜ್ವರ ಬಂದಿತ್ತು. ಮೂರು ಹಗಲು ನಾನು ಪಕ್ಕದಲ್ಲಿ ಕೂತೆ. ಆ ತಾಯಿಯ ಮುಖ ನೋಡಲಾಗದೆ ಅವಳ ನೇರಳೆ ಕೈ ಹಿಡಿದು, "ಬೇಡ್ಕೋ ಮಗಳೇ, ಅವನ ಕೈಲಿ ಆಗದ್ದು ಅಂತ ಯಾವುದೂ ಇಲ್ಲ" ಎಂದುಬಿಟ್ಟೆ. ಹೌದು, ನಾನೇ ಅಂದೆ. ನಾಲ್ಕನೆಯ ದಿನ ಮಗು ಎದ್ದು ಕೂತು ಬೇಳೆ ಗಂಜಿ ಕೇಳಿತು. ಸಂತೋಷವಾಯಿತು, ಹೊಟ್ಟೆಯೂ ಉರಿಯಿತು, ನಿನ್ನ ಹತ್ತಿರ ಸುಳ್ಳೇಕೆ. ನುಂಫಾ ನನ್ನ ಮಾತನ್ನು ಊರಿಗೆಲ್ಲ ಸಾರಿದಳು. ಅವನ ಊರಿನವಳು, ಅವನನ್ನು ಕಣ್ಣಾರೆ ಕಂಡವಳು ಹೇಳಿದ್ದು ಎಂದು ಎಲ್ಲರೂ ನಂಬಿದರು. ಟ್ರೊಫಿಮ ನಂಬಿ ಬರೆದದ್ದೂ ಅದನ್ನೇ. ಯೇಸುವನ್ನು ಆ ಎತ್ತರಕ್ಕೆ ಏರಿಸಿದವರು ಯಾರೋ ಪಂಡಿತರು ಎಂದುಕೊಂಡಿದ್ದೆ. ನನ್ನ ಕೈಯೂ ಅದರಲ್ಲಿತ್ತು.

"ಇನ್ನೊಂದಿದೆ ಅಜ್ಜಿ" ಎಂದ ಟ್ರೊಫಿಮ, ಧ್ವನಿ ತಗ್ಗಿಸಿ. "ಆಗ್ಲಿಲ್ಲ ಅಂದ್ರೆ ಅಲ್ಲಿಗೆ ಮುಗೀತು. ಮಾಡ್ಲಿಲ್ಲ ಅಂದ್ರೆ ಯಾಕೆ ಅಂತ ಹೇಳ್ಬೇಕಾಗತ್ತೆ. ನಿಮ್ಮೂರೋರು ನಂಬ್ಲಿಲ್ಲ, ಅದಕ್ಕೇ ಮಾಡ್ಲಿಲ್ಲ ಅಂತ ಬರೀಬೇಕು."

"ನಾನು ನಂಬಿದ್ದೆ" ಎಂದೆ.

ಅವನು ಹಳೆಯ ಸಾಲನ್ನೇ ಇದ್ದ ಹಾಗೆ ಹೊಸ ಹಾಳೆಗೆ ಇಳಿಸಿ, ಹಸಿ ಸ್ಪಂಜನ್ನು ನನ್ನ ಕೈಗಿಟ್ಟ. "ಅಲ್ಲಿದ್ದೋಳು ನೀನು. ಒರೆಸಿದ್ರೆ ಬೇರೆ ಬರೀತೀನಿ, ಬಿಟ್ರೆ ಹಾಗೇ ಇರ್ಲಿ" ಎಂದು ಅಂಗಳಕ್ಕೆ ಹೋದ.

ಮಸಿ ಇನ್ನೂ ಹೊಳೆಯುತ್ತಿತ್ತು. ಕಿಟಕಿಯ ಬಿಸಿಲು ಹಾಳೆಯ ಮೇಲೆ ಈಜುತ್ತಿತ್ತು, ನನಗೆ ಅರ್ಧ ನಿದ್ದೆ, ಅರ್ಧ ಎಚ್ಚರ. ಆಗಲಿಲ್ಲ ಎಂದರೆ ಅವನು ನಮ್ಮವನು, ಹೊಸ್ತಿಲಲ್ಲಿ ಅತ್ತವನು. ಆದರೆ ಅಷ್ಟೇ ಆಗಿದ್ದರೆ ಅವನೂ ಸತ್ತ, ನೀನೂ ಸತ್ತೆ, ಇಬ್ಬರೂ ಸುಟ್ಟ ಊರಿನ ಮಣ್ಣು. ಹಾಗಾದರೆ ನಿನ್ನನ್ನು ಯಾರು ನೋಡಿಕೊಳ್ಳುತ್ತಿದ್ದಾರೆ? ಐದು ವರ್ಷದವಳು, ಒಬ್ಬಳೇ ಎಲ್ಲಿದ್ದೀಯ? ಅಳುವ ಮನುಷ್ಯ ನನಗೆ ಸಾಕು. ನಿನಗೆ ಸಾಲದು. ನಿನ್ನನ್ನು ಇಟ್ಟುಕೊಳ್ಳಲು ಸಾವಿಗಿಂತ ದೊಡ್ಡವನು ಬೇಕು, ಕಡಲಿಗೂ ಗಾಳಿಗೂ ಒಡೆಯ ಬೇಕು. ನುಂಫಾಗೂ ಬೇಕು, ಜ್ವರದ ಮಗು ಮಡಿಲಲ್ಲಿರುವ ಎಲ್ಲರಿಗೂ ಬೇಕು.

ಒರೆಸಿದೆ, ಕಂದಾ. ಒಂದೇ ಸಲಕ್ಕೆ ಹೋಗಲಿಲ್ಲ, ಎರಡು ಸಲ ಒರೆಸಿದೆ. ಬಟ್ಟಲಿನ ನೀರು ಕಪ್ಪಾಯಿತು.

ಟ್ರೊಫಿಮನನ್ನು ಕರೆದು, "ಬರಿ, ನಾವು ನಂಬ್ಲಿಲ್ಲ ಅಂತ ಬರಿ" ಎಂದೆ. ಅವನು ಲೇಖನಿ ಅದ್ದಿದವನು ಬಹಳ ಹೊತ್ತು ಬರೆಯಲಿಲ್ಲ. "ಮಸಿ ಒಣಗತ್ತೆ ನೋಡು" ಎಂದು ನಾನೇ ಗದರಿಸಬೇಕಾಯಿತು. ಆಮೇಲೆ ಬರೆದ.

ಇನ್ನು ಈ ಸುರುಳಿ ಎಷ್ಟು ಊರುಗಳಿಗೆ ಹೋಗುತ್ತದೋ, ಎಷ್ಟು ಕಾಲ ಓದಿಸಿಕೊಳ್ಳುತ್ತದೋ. ಓದಿದಲ್ಲೆಲ್ಲ ಆ ಊರಿನ ತಾಯಂದಿರು ನಂಬದವರು, ಅದಕ್ಕೇ ಅವರ ಮಕ್ಕಳು ಉಳಿಯಲಿಲ್ಲ ಎನ್ನುತ್ತಾರೆ. ಅನ್ನಲಿ. ನೀನೊಬ್ಬಳು ಹಾಗೆ ಅಂದುಕೊಳ್ಳಬೇಡ.

ಅವನ ಬಳಿ ಬೆಚ್ಚಗಿರು, ಹೊಟ್ಟೆ ತುಂಬ ಉಣ್ಣು, ಹಟ ಮಾಡಬೇಡ. ನಿನಗೆ ಒಳ್ಳೆಯದಾಗಲಿ, ನನ್ನ ಪುಟ್ಟಿ.

ನಂಬಿದ್ದ ನಿನ್ನ ಅಮ್ಮ,
ಬೆರೂರಿಯಾ