ಫೋಟೋಕ್ಕೆ ಯಾವ ಅಂಗಿ?

ಗುರುತಿನ ಚೀಟಿ ಕೇಂದ್ರದ ಸಾಹೇಬರ ಸನ್ನಿಧಿಗೆ, ನಿಲ್ಕುಂದದ ಹುಚ್ಚ ನಾಯ್ಕನ ನಮಸ್ಕಾರ.

ಬಿಳಿ ಅಂಗಿ ಫೋಟೋದಲ್ಲಿ ಹಿಂದಿನ ಬಿಳಿ ಗೋಡೆಯೊಳಗೆ ಕರಗುತ್ತದೆಂದು ಕಪ್ಪು ಹಾಕಿಕೊಂಡು ಬರಲು ಹೇಳಿದವರು ತಾವೇ. ನನ್ನಲ್ಲಿದ್ದ ಕಪ್ಪಂಗಿ ಅಯ್ಯಪ್ಪ ವ್ರತದ್ದೊಂದೇ. ಆಗ ಮಾಲೆಯನ್ನೂ ಹಾಕಿದ್ದೆ, ಆಗಿನ್ನೂ ಕಪ್ಪಗಿದ್ದ ಗಡ್ಡವೂ ದಟ್ಟವಾಗಿ ಬೆಳೆದಿತ್ತು. ಹೀಗಾಗಿ ಚೀಟಿಯಲ್ಲಿ ಸ್ವಾಮಿಗಳು ಕೂತರು. ಶಬರಿಮಲೆಯಿಂದ ಬಂದು ಗಡ್ಡ ಬೋಳಿಸಿದೆ.

ಈಗ ಕಣ್ಣಿನ ಪುಕ್ಕಟೆ ಆಪರೇಷನ್‌ಗೆ ಹೋದರೆ, “ಅಜ್ಜಾ, ಇದು ನೀನಲ್ಲ ಅಂತದೆ ಮಶಿನ್ನು” ಎಂದು ಮೂರು ಸಲ ವಾಪಸ್ ಕಳಿಸಿದರು. ಮತ್ತೆ ಗಡ್ಡ ಬಿಟ್ಟೆ, ಪೂರ್ತಿ ಬೆಳ್ಳಗೆ ಬಂತು. “ಈಗ ನೀನು ಇಬ್ಬರಲ್ಲಿ ಯಾರೂ ಅಲ್ಲ” ಎನ್ನುತ್ತಾಳೆ, ಈ ಪತ್ರ ಬರೆಯುತ್ತಿರುವ ಮೊಮ್ಮಗಳು ಕಾವ್ಯಶ್ರೀ.

ತಿದ್ದುಪಡಿಗೆ ಆರು ತಿಂಗಳು ಎಂದಿರಿ. ಡಾಕ್ಟರು ಕಣ್ಣಿಗೆ ಕೊಟ್ಟಿದ್ದು ಎರಡು. ಹೊಸ ಫೋಟೋಕ್ಕೆ ಯಾವ ಬಣ್ಣವೆಂದು ಅವಳಿಗೇ ತಿಳಿಸಿ. ನನಗೀಗ ಎಲ್ಲ ಅಂಗಿಯೂ ಒಂದೇ ಬಣ್ಣ.

ತಮ್ಮ ವಿಧೇಯ,
ಹುಚ್ಚ ನಾಯ್ಕ