ದಪ್ಪಗಾದ ಕಂಬ

ಅಪ್ಪ,

ಇವತ್ತು ಸ್ಕ್ಯಾನ್ ಮಾಡಿಸಿಕೊಂಡೆ. ಡಾಕ್ಟರು ಪರದೆ ತೋರಿಸಿ, "ಕಿಡ್ನಿಯ ಹೊರಪದರ ಒಳಗಿನ ಭಾಗಗಳ ನಡುವೆ ಅಲ್ಲಲ್ಲಿ ಇಳಿದಿರುತ್ತೆ. ಅದಕ್ಕೆ ರೀನಲ್ ಕಾಲಮ್ ಅಂತೀವಿ, ಅಂದ್ರೆ ಕಂಬ. ನಿಮ್ಮದೊಂದು ದಪ್ಪಗಿದೆ. ಗಡ್ಡೆ ಥರ ಕಾಣುತ್ತೆ, ಗಡ್ಡೆಯಲ್ಲ" ಅಂದರು.

ನನಗೆ ಮೈ ಉರಿಯಿತು. ನೀನೂ ಸ್ಕ್ಯಾನ್ ಮುಗಿಸಿ ಬಂದು ಇದನ್ನೇ ಹೇಳಿದ್ದೆ. "ಕಂಬ ದಪ್ಪಗಿದೆಯಂತೆ, ಮನೆ ಗಟ್ಟಿ ಅಂತ ತಾನೇ?" ಅಂದೆ. ಊರಿಗೆಲ್ಲ ಮನೆ ಕಟ್ಟಿಕೊಟ್ಟ ಮೇಸ್ತ್ರಿ ನೀನು, ನಾವೆಲ್ಲ ನಕ್ಕೆವು. ವರ್ಷ ತುಂಬೋದರೊಳಗೆ ಆ ಗಡ್ಡೆಯೇ ನಿನ್ನನ್ನು ತಗೊಂಡು ಹೋಯಿತು.

"ಈ ಕಂಬದ ಕಥೆ ನನಗೆ ಬೇಡ. ನಮ್ಮಪ್ಪನಿಗೂ ಇದನ್ನೇ ಹೇಳಿ ಕಳಿಸಿದ್ರು" ಅಂದೆ.

ಡಾಕ್ಟರು ಸಿಟ್ಟಾಗಲಿಲ್ಲ. ಬಣ್ಣದ ಚಿತ್ರ ಹಾಕಿ, ಗಡ್ಡೆಯಾಗಿದ್ದರೆ ಪಕ್ಕಕ್ಕೆ ಸರಿಯಬೇಕಿದ್ದ ರಕ್ತನಾಳಗಳು ತಮ್ಮ ಪಾಡಿಗೆ ಹೋಗುತ್ತಿರೋದನ್ನು ತೋರಿಸಿದರು. ಆಮೇಲೆ ಮೆಲ್ಲಗೆ ಕೇಳಿದರು, "ಕಂಬ ಅಂತ ನಿಮಗೆ ಹೇಳಿದ್ದು ಡಾಕ್ಟರಾ, ನಿಮ್ಮಪ್ಪನಾ?"

ಮನೆಗೆ ಬಂದು ಮಗಳಿಗೆ ಕಂಬ ಅಂತಲೇ ಹೇಳಿದೆ. "ನಿಜ ಹೇಳಮ್ಮ" ಅಂತ ಕೈ ಹಿಡಿದುಕೊಂಡು, ಬಹಳ ಹೊತ್ತು ನನ್ನ ಮುಖವನ್ನೇ ನೋಡಿದಳು.

ಅವತ್ತು ನಿನ್ನ ಮುಖ ಹೇಗಿತ್ತು ಅಂತ ನೆನಪು ಮಾಡಿಕೊಳ್ಳುತ್ತಾ ಕೂತಿದ್ದೀನಿ, ಅಪ್ಪ. ನಮ್ಮ ನಗು ಮಾತ್ರ ಕೇಳಿಸುತ್ತೆ.