ಅದೇ ಮಧ್ಯಾಹ್ನದ ಶ್ರುತಿ

ಹಡಗಿನ ಯಜಮಾನರಿಗೆ,

ತಿದಿಯೊಳಗಿಟ್ಟ ಈ ಪತ್ರ ನಿಮಗೆ ಸಿಕ್ಕಿದೆ ಎಂದರೆ, ಏನು ಕೆಟ್ಟಿದೆ ಎಂದು ನೋಡಲು ನಡುನೀರಿನಲ್ಲಿ ಹಡಗು ನಡೆಸುವ ಹಾರ್ಮೋನಿಯಂ ಬಿಚ್ಚಿದ್ದೀರಿ. ಏನೂ ಕೆಟ್ಟಿಲ್ಲ.

ಬಿಳಿ ಕೀಲಿ ಹಡಗಿಗೆ ದಾರಿ ತೋರಿಸುತ್ತದೆ, ಕರಿ ಕೀಲಿ ಕಳೆದ ಹೊತ್ತನ್ನು ಹಿಂದಕ್ಕೆ ತರುತ್ತದೆ. ಇಷ್ಟು ನಿಮಗೆ ಗೊತ್ತು. ರಿಪೇರಿಗೆ ಬಂದದ್ದನ್ನು ವಾಪಸ್ ಕೊಡುವ ಮೊದಲು ಅಂಗಡಿಯಲ್ಲಿ ನಾನೇ ಒಮ್ಮೆ ನುಡಿಸಿ ನೋಡುತ್ತೇನೆ ಎನ್ನುವುದು ಗೊತ್ತಿರಲಿಲ್ಲ. ಕರಿ ಕೀಲಿ ಒತ್ತಿದೆ. ನನ್ನಿಂದಲೇ ಶ್ರುತಿ ಮಾಡಲು ಕಲಿತು ನಿಮ್ಮ ಹಡಗು ಹತ್ತಿದ್ದ ನನ್ನ ತಮ್ಮ ಕಡಲಿಗೆ ಬಿದ್ದ ಮಧ್ಯಾಹ್ನ ಪೂರ್ತಿ ಕೇಳಿಸಿತು. "ಯಜಮಾನ್ರೇ, ಹಗ್ಗ ಹಾಕಿ" ಅಂದ ಅವನು. "ಹೊತ್ತಾಯ್ತು, ನಡೀರಿ" ಅಂದಿರಿ ನೀವು. ಆಮೇಲೆ ನಮ್ಮ ಮನೆಗೆ ಬಂದು, "ಬಿದ್ದದ್ದು ಯಾರಿಗೂ ಗೊತ್ತೇ ಆಗ್ಲಿಲ್ಲಮ್ಮ" ಎಂದು ಕಣ್ಣೊರೆಸಿಕೊಂಡಿರಿ. ನಿಮ್ಮನ್ನು ಸಮಾಧಾನ ಮಾಡಿದವಳು ನಾನು.

ಅದಕ್ಕೇ ಶ್ರುತಿ ಬದಲಾಯಿಸಿದ್ದೇನೆ. ಇನ್ನು ಯಾವ ಬಂದರಿಗೆ ಹೊರಟರೂ, ಯಾವ ಕೀಲಿ ಒತ್ತಿದರೂ, ಹಡಗು ಆ ಮಧ್ಯಾಹ್ನಕ್ಕೇ ಹೋಗಿ ನಿಲ್ಲುತ್ತದೆ. ಅವನು ಕೂಗುತ್ತಾನೆ. ಗೊತ್ತಾಗಲಿಲ್ಲ ಎಂದು ಈ ಸಲ ಯಾರಿಗೆ ಹೇಳುತ್ತೀರೋ ನೋಡೋಣ.

ಪೆಟ್ಟಿಗೆಯ ತಳದಲ್ಲಿ ಹೊಸ ಹಗ್ಗ ಇಟ್ಟಿದ್ದೇನೆ. ಈ ಶ್ರುತಿ ಸರಿಮಾಡುವುದು ನನ್ನನ್ನು ಬಿಟ್ಟರೆ ಒಬ್ಬನಿಗೇ ಗೊತ್ತು. ಅವನು ಈಗ ನಿಮ್ಮ ಪಕ್ಕದಲ್ಲೇ, ನೀರಿನಲ್ಲಿದ್ದಾನೆ.

ಇಂತಿ,
ಅವನ ಅಕ್ಕ